ಸದ್ದುಣ್ಣಿ: ಕಲ್ಪನಾಲೋಕಕ್ಕೊಂದು ಸದ್ದು ಕುಡಿಯುವ ಗಡಿಗೆ

ಕಲ್ಪನಾಲೋಕದ ಕತೆಗಳಲ್ಲಿ ಸದ್ದಿನ ಮಾಯೆ ಬಂತೆಂದರೆ ಒಂದೇ ಗೋಳು. ಮಾಂತ್ರಿಕ ಶಂಖ ಊದಿದ, ಊರಿಗೆ ಊರೇ ಮೂಕವಾಯಿತು. ಹುಡುಗಿ ಭರಣಿಯ ಮುಚ್ಚಳ ತೆಗೆದಳು, ಸತ್ತ ಅಜ್ಜಿಯ ಮಾತು ಕೇಳಿಸಿತು. ಆ ಪುಟಕ್ಕೆ ಚೆಂದವೇ. ಆದರೆ ಹತ್ತು ಪುಟ ಕಳೆದು ಶತ್ರುಸೈನ್ಯ ಬಾಗಿಲಿಗೆ ಬಂದಾಗ ಅದೇ ಶಂಖವನ್ನು ಯಾಕೆ ಊದಲಿಲ್ಲ ಅಂತ ಓದುಗ ಕೇಳಿದರೆ ಬರೆದವರ ಬಾಯಿ ಕಟ್ಟುತ್ತದೆ. ಏನು ಬೇಕಾದರೂ ಮಾಡಬಲ್ಲ ಸಾಧನದಿಂದ ಕತೆ ಹುಟ್ಟುವುದಿಲ್ಲ.

ಇದಕ್ಕೊಂದು ಉಪಾಯವಿದೆ. ಸಾಧನಕ್ಕೆ ಒಂದೇ ಒಂದು ಸುಳ್ಳಿನ ಪರವಾನಗಿ ಕೊಡಿ. ಮಿಕ್ಕದ್ದೆಲ್ಲ ನಮ್ಮ ಲೋಕದ ಸದ್ದಿನ ವಿಜ್ಞಾನದಂತೆಯೇ ನಡೆಯಲಿ. ಆಗ ಮಿತಿಗಳನ್ನು ಕೂತು ಹೊಸೆಯಬೇಕಾಗಿಲ್ಲ, ಲೆಕ್ಕದಿಂದಲೇ ಬರುತ್ತವೆ. ಈ ಬರಹದಲ್ಲಿ ಅಂಥದೊಂದು ಸಾಧನವನ್ನು ಬುಡದಿಂದ ಕಟ್ಟೋಣ. ಹೆಸರು ಸದ್ದುಣ್ಣಿ. ಸದ್ದನ್ನು ಉಣ್ಣುವುದು ಎಂದೂ ಆಯಿತು, ಹಸುವಿನ ಮೈಗೆ ಕಚ್ಚಿಕೊಂಡು ಊದುವ ಉಣ್ಣಿ ಎಂದೂ ಆಯಿತು. ಕತೆಗೋ ಆಟಕ್ಕೋ ಬಳಸಿಕೊಳ್ಳುವವರು ಹೆಸರು ಬದಲಿಸಿಕೊಳ್ಳಿ, ಅಳತೆ ಬದಲಿಸಬೇಡಿ.

ಮೊದಲು ನಿಜದ ಗಡಿಗೆ. ಹೊಟ್ಟೆ ದೊಡ್ಡದು, ಕಂಠ ಸಣ್ಣದು ಇರುವ ಯಾವ ಪಾತ್ರೆಗೂ ತನ್ನದೇ ಒಂದು ಶ್ರುತಿ ಇರುತ್ತದೆ. ಕಂಠದಲ್ಲಿರುವ ಗಾಳಿ ಬಿರಡೆಯ ಹಾಗೆ ಒಳಗೂ ಹೊರಗೂ ಆಡುತ್ತದೆ, ಹೊಟ್ಟೆಯ ಗಾಳಿ ಸ್ಪ್ರಿಂಗಿನ ಹಾಗೆ ಅದನ್ನು ಹಿಂದಕ್ಕೆ ತಳ್ಳುತ್ತದೆ. ಜರ್ಮನಿಯ ವಿಜ್ಞಾನಿ ಹೆಲ್ಮ್‌ಹೋಲ್ಟ್ಸ್ ಇಂಥ ಗೋಳಗಳನ್ನೇ ಸಾಲಾಗಿಟ್ಟುಕೊಂಡು ಸ್ವರಗಳನ್ನು ಬಿಡಿಸಿ ನೋಡಿದ; 1863ರಲ್ಲಿ ಬಂದ ಅವನ ಪುಸ್ತಕದಿಂದ ಈ ಪಾತ್ರೆಗಳಿಗೆ ಅವನ ಹೆಸರೇ ನಿಂತಿತು. ಅವನ ಗೋಳಗಳಿಗೆ ಎರಡು ತೂತು: ಮುಂದೆ ಅಗಲವಾದ ಬಾಯಿ, ಹಿಂದೆ ಕಿವಿಗೆ ಇಟ್ಟುಕೊಳ್ಳುವ ಸಣ್ಣ ತೊಟ್ಟು. ಆ ತೊಟ್ಟನ್ನು ನೆನಪಿಟ್ಟುಕೊಳ್ಳಿ, ನಮ್ಮ ಸಾಧನಕ್ಕೂ ಅದು ಬೇಕು.

ಗಡಿಗೆ ಯಾವ ಸ್ವರಕ್ಕೆ ಒದಗುತ್ತದೆ, ಅಂದರೆ ಯಾವುದಕ್ಕೆ ತಾನೂ ಗುನುಗುತ್ತದೆ, ಎಂದು ತಿಳಿಯಲು ಬಾಯಿಯ ವಿಸ್ತೀರ್ಣವನ್ನು, ಹೊಟ್ಟೆಯ ಗಾತ್ರ ಮತ್ತು ಕಂಠದ ಉದ್ದದ ಗುಣಲಬ್ಧದಿಂದ ಭಾಗಿಸಿ, ವರ್ಗಮೂಲ ತೆಗೆದು, ಸದ್ದಿನ ವೇಗದಿಂದ ಗುಣಿಸಿ, 6.28ರಿಂದ ಭಾಗಿಸಿ. ಎಲ್ಲ ಅಳತೆಯೂ ಮೀಟರಿನಲ್ಲಿರಲಿ. ಎಲ್ಲರೂ ಎಡವುವುದು ಕಂಠದ ಉದ್ದದಲ್ಲಿ. ಕಂಠದ ಎರಡೂ ತುದಿಯಾಚೆಯ ಗಾಳಿಯೂ ಜೊತೆಗೆ ಆಡುವುದರಿಂದ ಅಳೆದ ಉದ್ದಕ್ಕೆ ಬಾಯಿಯ ತ್ರಿಜ್ಯದ ಸುಮಾರು ಒಂದೂವರೆ ಪಟ್ಟು ಸೇರಿಸಲೇಬೇಕು. ಇದನ್ನು ಮರೆತರೆ ಲೆಕ್ಕ ಹಲವು ಸ್ವರ ಮೇಲಕ್ಕೆ ಹಾರುತ್ತದೆ. ಹತ್ತು ಲೀಟರಿನ ಹೊಟ್ಟೆ, 8 ಸೆಂ.ಮೀ. ಅಗಲದ ಬಾಯಿ, 4 ಸೆಂ.ಮೀ. ಕಂಠ ಇರುವ ಗಡಿಗೆ 27 ಡಿಗ್ರಿ ಸೆಲ್ಸಿಯಸ್ ಸೆಕೆಯಲ್ಲಿ ಸುಮಾರು 125 ಹರ್ಟ್ಸ್‌ಗೆ, ಅಂದರೆ ಸೆಕೆಂಡಿಗೆ 125 ಕಂಪನಕ್ಕೆ, ಒದಗುತ್ತದೆ. ಗಂಡಸರ ಮಾತಿನ ಶ್ರುತಿ ಇರುವುದೇ ಅದರ ಆಸುಪಾಸಿನಲ್ಲಿ. ಇನ್ನು ಮುಂದೆ ಇದೇ ನಮ್ಮ ತಾಯಿಗಡಿಗೆ.

ಈಗ ಸುಳ್ಳು. ನಿಜದ ಗಡಿಗೆಯೊಳಗೆ ಹೊಕ್ಕ ಸದ್ದಿನಲ್ಲಿ ಒಂದಷ್ಟು ಮತ್ತೆ ಬಾಯಿಂದಲೇ ಹೊರಬೀಳುತ್ತದೆ, ಉಳಿದದ್ದು ಕಂಠದ ತಿಕ್ಕಾಟದಲ್ಲಿ ಬಿಸಿಯಾಗಿ ಕರಗುತ್ತದೆ. ಒಂದು ಸೆಕೆಂಡೂ ಬೇಕಾಗಿಲ್ಲ. ಸದ್ದುಣ್ಣಿಯಲ್ಲಿ ಮಾತ್ರ ಹೊಕ್ಕದ್ದು ಬಾಯಿಂದ ವಾಪಸ್ಸು ಬರುವುದಿಲ್ಲ, ಒಳಗೆ ಕರಗುವುದೂ ಇಲ್ಲ. ಹಿಂದಿನ ತೊಟ್ಟಿನ ಮೇಣ ಕೀಳುವವರೆಗೆ ಹಾಗೇ ಇರುತ್ತದೆ. ಇಷ್ಟೇ. ಮಣ್ಣಿನಲ್ಲಿ ಯಾವುದೋ ಬೆಟ್ಟದ ಬೂದಿ ಬೆರೆಸಿದ್ದಕ್ಕೆ ಹೀಗಾಯಿತು ಅನ್ನಿ, ಆವಿಗೆಗೆ ಹಾಕುವಾಗ ಹೇಳಿದ ಮಂತ್ರಕ್ಕೆ ಅನ್ನಿ, ನಿಮ್ಮಿಷ್ಟ. ಎಷ್ಟು ಅಗಲದ ಸ್ವರಪಟ್ಟಿಯನ್ನು ಕುಡಿಯುತ್ತದೆ ಎಂಬುದಕ್ಕೂ ಒಂದು ಕಟ್ಟು ಹಾಕಿಬಿಡಿ: ಒಂದು ಗಡಿಗೆಗೆ ಒಂದು ಸ್ವರಸ್ಥಾನ. ಒಂದು ಸ್ಥಾಯಿಗೆ, ಅಂದರೆ ಷಡ್ಜದಿಂದ ಇಮ್ಮಡಿ ಹರ್ಟ್ಸ್‌ನ ಮೇಲಿನ ಷಡ್ಜದವರೆಗೆ, ಹನ್ನೆರಡು ಗಡಿಗೆ.

ಲೆಕ್ಕ ಶುರುವಾದೊಡನೆ ಲೋಕ ತಾನಾಗಿ ಮೂಡತೊಡಗುತ್ತದೆ. ಆಕಾರ ಅದೇ ಇದ್ದು ಎಲ್ಲ ಅಳತೆಯನ್ನೂ ಅರ್ಧ ಮಾಡಿದರೆ ಶ್ರುತಿ ಒಂದು ಸ್ಥಾಯಿ ಏರುತ್ತದೆ, ಹೊಟ್ಟೆ ಎಂಟರಲ್ಲೊಂದು ಪಾಲಾಗುತ್ತದೆ. 125ಕ್ಕೆ 10 ಲೀಟರ್ ಬೇಕಾದರೆ 250ಕ್ಕೆ ಒಂದೂಕಾಲು ಲೀಟರ್ ಸಾಕು, 500ಕ್ಕೆ ಸುಮಾರು 156 ಮಿಲಿಲೀಟರ್, ಸಾವಿರಕ್ಕೆ 20, ಎರಡು ಸಾವಿರಕ್ಕೆ ಎರಡೂವರೆಗೂ ಕಡಿಮೆ. ಅಂದರೆ ತಳದಲ್ಲಿ ಹರವಿ, ನಡುವೆ ಚೊಂಬು, ಆಮೇಲೆ ಕುಡಿಕೆ, ತುದಿಗೆ ಬರೀ ಮಣಿ. 125ರಿಂದ 4000 ಹರ್ಟ್ಸ್‌ವರೆಗೆ ಐದು ಸ್ಥಾಯಿಗೆ 60 ಪಾತ್ರೆ. ಎಲ್ಲ ಸೇರಿ 63 ಲೀಟರ್, ಅದರಲ್ಲಿ 55 ಲೀಟರ್ ಕೆಳಗಿನ ಹನ್ನೆರಡರದ್ದೇ. ಮಂದ್ರವನ್ನು ನುಂಗಬೇಕಾದರೆ ಎತ್ತಿನಗಾಡಿ ಬೇಕು, ತಾರವನ್ನು ಜೋಳಿಗೆಯಲ್ಲಿ ಹಾಕಿಕೊಂಡು ಹೋಗಬಹುದು. ಹರವಿ ಮಾಡುವವರು ಕುಂಬಾರರು. ಎರಡೂವರೆ ಮಿಲಿಮೀಟರ್ ಬಾಯಿಯ ಮಣಿ ತಿಗರಿಯ ಮೇಲೆ ಏಳುವುದಿಲ್ಲ, ಅದು ಅಕ್ಕಸಾಲಿಗರ ಕೆಲಸ. ಒಂದು ಸಾಲು ಪೂರ್ತಿಯಾಗಬೇಕಾದರೆ ಎರಡು ಕಸುಬಿನವರು ಒಂದೇ ಶ್ರುತಿಗೆ ಒಪ್ಪಬೇಕು. ಒಪ್ಪುತ್ತಾರೆಯೇ? ಕತೆ ಬೇಕಾದವರಿಗೆ ಇಷ್ಟು ಸಾಕು.

ಮಾಡುವ ಕ್ರಮಕ್ಕೆ ಬರೋಣ. ಜೇಡಿಮಣ್ಣು ಒಣಗಿ ಬೆಂದು ಬರುವಷ್ಟರಲ್ಲಿ ಕುಗ್ಗುತ್ತದೆ, ಸಾಮಾನ್ಯವಾಗಿ ಹತ್ತರಲ್ಲೊಂದು ಪಾಲಿನ ಆಚೀಚೆ. ಮಣ್ಣಿನಿಂದ ಮಣ್ಣಿಗೆ ಬೇರೆಯಾಗುವುದರಿಂದ ಮೊದಲು ಹಸಿ ಬಿಲ್ಲೆಯ ಮೇಲೆ 10 ಸೆಂ.ಮೀ. ಗೆರೆ ಎಳೆದು, ಸುಟ್ಟು, ಮತ್ತೆ ಅಳೆಯಬೇಕು. ಗೆರೆ 9 ಸೆಂ.ಮೀ.ಗೆ ಬಂದರೆ ಹಸಿಯ ಬಾಯಿ 8.9 ಸೆಂ.ಮೀ. ಇರಬೇಕು, ಹೊಟ್ಟೆ 13.7 ಲೀಟರ್ ಹಿಡಿಯಬೇಕು; ಆಗಲೇ ಸುಟ್ಟ ಮೇಲೆ 8 ಮತ್ತು 10 ಸಿಗುವುದು. ಇದನ್ನು ಬಿಟ್ಟು ಹಸಿಯಲ್ಲೇ ಶ್ರುತಿ ನೋಡಿ ಆವಿಗೆಗೆ ಇಟ್ಟವರ ಗಡಿಗೆ ಸುಮಾರು ಎರಡು ಸ್ವರಸ್ಥಾನ ಮೇಲೇರಿ ಹೊರಬರುತ್ತದೆ.

ಸುಟ್ಟ ಗಡಿಗೆಯ ಮೈ ಬೆವರುತ್ತದೆ. ನೀರು ತಂಪಾಗಲು ಒಳ್ಳೆಯದು, ಸದ್ದಿಗೆ ಕೆಟ್ಟದ್ದು. ಸಣ್ಣ ರಂಧ್ರಗಳಲ್ಲಿ ಗಾಳಿ ಸೋರಿ ಅನುರಣನ ಮಂದವಾಗುತ್ತದೆ. ಒಳಮೈಗೆ ಅರಗು ಅಥವಾ ಜೇನುಮೇಣವನ್ನು ಬಿಸಿಯಲ್ಲಿ ಹಚ್ಚಿ ರಂಧ್ರ ಮುಚ್ಚಬೇಕು. ಬೆರಳ ಗೆಣ್ಣಿನಿಂದ ತಟ್ಟಿದಾಗ ಬಡ್ಡಾಗಿ ಕೇಳಿದರೆ ಎಲ್ಲೋ ಕೂದಲೆಳೆಯ ಬಿರುಕಿದೆ ಎಂದರ್ಥ. ಅಂಥದ್ದಕ್ಕೆ ಎಷ್ಟು ಅರಗು ಮೆತ್ತಿದರೂ ಪ್ರಯೋಜನವಿಲ್ಲ, ಒಡೆದು ಪುಡಿಮಾಡಿ ಮುಂದಿನ ಮಣ್ಣಿಗೆ ಬೆರೆಸುವುದೇ ವಾಸಿ.

ಶ್ರುತಿ ಮಾಡಲು ಎರಡೇ ಕೈಚಳಕ. ಇಳಿಸಬೇಕಾದರೆ ಬಾಯಿ ಕಿರಿದು ಮಾಡಿ: ತಾಯಿಗಡಿಗೆಯ ಕಂಠದ ಒಳಸುತ್ತಿಗೆ ಅರ್ಧ ಸೆಂ.ಮೀ. ದಪ್ಪ ಮೇಣ ಮೆತ್ತಿದರೆ 125 ಹೋಗಿ 114ಕ್ಕೆ ಇಳಿಯುತ್ತದೆ. ಏರಿಸಬೇಕಾದರೆ ನೀರು ಹಾಕಿ: ಒಂದು ಲೀಟರಿಗೆ ತುಸು ಹೆಚ್ಚು ಹಾಕಿದರೆ ಒಂದು ಸ್ವರಸ್ಥಾನ ಏರುತ್ತದೆ, ಮುಕ್ಕಾಲು ಹೊಟ್ಟೆ ತುಂಬಿಸಿದರೆ ಸರಿಯಾಗಿ ಒಂದು ಸ್ಥಾಯಿ. ಇಲ್ಲಿ ಜಲತರಂಗ ನೋಡಿದವರು ತಪ್ಪುವುದು ಸಹಜ. ಜಲತರಂಗದ ಬಟ್ಟಲಿಗೆ ನೀರು ಹಾಕಿದರೆ ಸ್ವರ ಇಳಿಯುತ್ತದೆ, ಏಕೆಂದರೆ ಅಲ್ಲಿ ಕಡ್ಡಿಯ ಪೆಟ್ಟಿಗೆ ಕಂಪಿಸುವುದು ಬಟ್ಟಲಿನ ಗೋಡೆ, ನೀರು ಅದಕ್ಕೆ ಹೊರೆ. ಸದ್ದುಣ್ಣಿಯಲ್ಲಿ ಕಂಪಿಸುವುದು ಗಾಳಿ, ನೀರು ಅದರ ಜಾಗ ಕಸಿಯುತ್ತದೆ. ಎರಡೂ ನೀರೇ, ಎರಡೂ ಪಾತ್ರೆಯೇ, ಫಲ ಮಾತ್ರ ತಲೆಕೆಳಗು.

ಎಲ್ಲಿಡಬೇಕು? ನಡುಮನೆಯಲ್ಲಿ ಚೆಂದಕ್ಕೆ ಇಟ್ಟರೆ ಆಗದು. ಗಟ್ಟಿಗೋಡೆಗೆ ಬಡಿದ ಅಲೆ ಹಿಂದಿರುಗಿ ಬರುವ ಅಲೆಯ ಜೊತೆ ಸೇರಿದಾಗ ಒತ್ತಡದ ಏರಿಳಿತ ಗೋಡೆಯ ಬುಡದಲ್ಲೇ ಹೆಚ್ಚು, ಅಲ್ಲಿಂದ ಅಲೆಯುದ್ದದ ಕಾಲುಪಾಲು ದೂರದಲ್ಲಿ ಶೂನ್ಯದ ಹತ್ತಿರ. 125 ಹರ್ಟ್ಸ್ ಅಲೆಯ ಉದ್ದ 2.78 ಮೀಟರ್, ಹಾಗಾಗಿ ಗೋಡೆಯಿಂದ 70 ಸೆಂ.ಮೀ. ದೂರದಲ್ಲಿ ಕೂತ ಗಡಿಗೆ ಆ ಗೋಡೆಗೆ ನೇರ ಬಡಿಯುವ ಸದ್ದಿಗೆ ಕಿವುಡು. ಎರಡು ಗೋಡೆಯೂ ನೆಲವೂ ಕೂಡುವ ಮೂಲೆಯೇ ಶ್ರೇಷ್ಠ ಜಾಗ. ಇಂದಿನ ರೆಕಾರ್ಡಿಂಗ್ ಸ್ಟುಡಿಯೋಗಳಲ್ಲಿ ಮಂದ್ರ ಹೀರುವ ಪೆಟ್ಟಿಗೆಗಳನ್ನು ಮೂಲೆಗೆ ಒತ್ತರಿಸುವುದೂ ಇದಕ್ಕೇ. ಯುರೋಪಿನ ಹಳೆಯ ಚರ್ಚುಗಳ ಗೋಡೆಯೊಳಗೆ ಮಣ್ಣಿನ ಗಡಿಗೆಗಳನ್ನು ಹುದುಗಿಸಿದ್ದಿದೆ. ಪ್ರಾಚೀನ ರೋಮಿನ ವಾಸ್ತುಶಿಲ್ಪಿ ವಿಟ್ರೂವಿಯಸ್ ರಂಗಮಂದಿರದ ಆಸನಗಳ ನಡುವೆ ಶ್ರುತಿಗೂಡಿಸಿದ ಕಂಚಿನ ಪಾತ್ರೆ ಇಡಬೇಕೆಂದು ಬರೆದಿದ್ದ. ಗುಮ್ಮಟದ ಕೆಳಗಾದರೆ ಲೆಕ್ಕವೇ ಬೇರೆ. ವಿಜಯಪುರದ ಗೋಳಗುಮ್ಮಟದ ಪಿಸುಮಾತಿನ ಗ್ಯಾಲರಿಯಲ್ಲಿ ಈಚೆ ಉಸುರಿದ್ದು ಸುಮಾರು 38 ಮೀಟರ್ ಆಚೆಯ ಎದುರುಗೋಡೆಯಲ್ಲಿ ಕೇಳುವುದು ಸದ್ದು ಬಾಗಿದ ಗೋಡೆಗೆ ಅಂಟಿಕೊಂಡು ಹರಿಯುವುದರಿಂದ. ಅಂಥ ಕಡೆ ಪಿಸುಮಾತು ಕದಿಯಬೇಕಾದವರು ಸದ್ದುಣ್ಣಿಯನ್ನು ಗೋಡೆಯ ಮೈಗೇ ಇಡಬೇಕು. ನಡುವೆ ಇಟ್ಟವರಿಗೆ ಯಾತ್ರಿಕರ ಕೂಗು ಸಿಕ್ಕೀತು, ಗುಟ್ಟು ಸಿಗದು.

ಇನ್ನು ಕಳ್ಳರ ವಿಷಯ. ಮೇಲಿನ ಲೆಕ್ಕ ಓದಿದ ಯಾರಿಗಾದರೂ ಇದು ಹೊಳೆಯುತ್ತದೆ: 500 ಹರ್ಟ್ಸ್‌ನಿಂದ ಮೇಲಿನ ಮೂರು ಸ್ಥಾಯಿಯ 36 ಪಾತ್ರೆ ಸೇರಿ ಒಂದು ಲೀಟರೂ ಆಗದು. ಸೊಂಟಕ್ಕೆ ಕಟ್ಟಿಕೊಂಡರೆ ಬೀಗದ ಕೈ ಗೊಂಚಲಿನ ಸದ್ದು, ಗೆಜ್ಜೆಯ ಸದ್ದು, ಕಾಲಡಿಯ ಒಣಗೆಲೆಯ ಸದ್ದು ಎಲ್ಲ ಮಾಯ! ಹಾಗಾಗುವುದಿಲ್ಲ. ಒದಗಿ ನಿಂತ ಗಡಿಗೆ ತನ್ನ ಬಾಯಿಗಿಂತ ಬಹಳ ದೊಡ್ಡ ಜಾಗದ ಸದ್ದನ್ನು ಸೆಳೆಯುತ್ತದೆ ನಿಜ, ಆದರೆ ಆ ಜಾಗಕ್ಕೂ ಮೇಲುಮಿತಿಯಿದೆ: ಗೋಡೆಯಲ್ಲಿ ಹುದುಗಿಸಿದ ಗಡಿಗೆಗೆ ಅಲೆಯುದ್ದದ ವರ್ಗವನ್ನು 6.28ರಿಂದ ಭಾಗಿಸಿದಷ್ಟು. ತಾಯಿಗಡಿಗೆಗೆ ಇದು 1.2 ಚದರ ಮೀಟರ್, ಒಂದು ಬಾಗಿಲಿನಷ್ಟು. ಎರಡು ಸಾವಿರ ಹರ್ಟ್ಸ್‌ನ ಮಣಿಗೆ 48 ಚದರ ಸೆಂ.ಮೀ., ಅಂಗೈಯಷ್ಟೂ ಇಲ್ಲ. ಒಂದು ಚದರ ಮೀಟರ್ ಕಾಯಬೇಕಾದರೆ ಒಂದೊಂದು ಸ್ವರಸ್ಥಾನಕ್ಕೂ ಇನ್ನೂರು ಚಿಲ್ಲರೆ ಮಣಿ ಬೇಕು, ಸೊಂಟಪಟ್ಟಿ ಹೋಗಿ ಮೈತುಂಬ ಮಣಿ ಹೊಲಿದ ಕಂಬಳಿಯಾಗುತ್ತದೆ. ಅಷ್ಟಾದ ಮೇಲೆ ಮಣಿಯೇ ಯಾಕೆ? ತಾರದ ಸದ್ದನ್ನು ದಪ್ಪ ಉಣ್ಣೆಯ ಕಂಬಳಿ ಯಾವ ಮಾಯೆಯೂ ಇಲ್ಲದೆ ಹೀರುತ್ತದೆ, ನಾಲ್ಕೂವರೆ ಸೆಂ.ಮೀ. ಪದರವಿದ್ದರೆ ಎರಡು ಸಾವಿರ ಹರ್ಟ್ಸ್‌ನ ಕಾಲಲೆ ಅದರೊಳಗೇ ಸಿಕ್ಕಿಬೀಳುತ್ತದೆ. ಆದ್ದರಿಂದ ಜಾಣ ಕಳ್ಳ ಮೇಲಿನ ಸ್ಥಾಯಿಗಳಿಗೆ ಕಂಬಳಿ ಹೊದೆಯುತ್ತಾನೆ, ದುಡ್ಡನ್ನು ನಡುವಿನ ಒಂದೆರಡು ಸ್ಥಾಯಿಯ ಕುಡಿಕೆಗಳಿಗೆ ಹಾಕುತ್ತಾನೆ. ಮರದ ಬಾಗಿಲು ದಡ್ಡೆಂದರೆ, ನಾಯಿ ಗುರ್ರೆಂದರೆ ಅವನ ಕೈಯಲ್ಲಿ ಏನೂ ಇಲ್ಲ. ಆ ಹರವಿಗಳನ್ನು ಹೊತ್ತು ಗೋಡೆ ಹಾರಲಾಗದು.

ಹರವಿ ಇದ್ದಿದ್ದರೂ ದಡ್ಡನೆಯ ಸದ್ದು ತಪ್ಪಿಸಿಕೊಳ್ಳುತ್ತಿತ್ತು. ಪಟ್ಟಿ ಕಿರಿದಾದಷ್ಟೂ ಗಡಿಗೆ ನಿಧಾನ. 125ರ ಬಳಿ ಒಂದು ಸ್ವರಸ್ಥಾನ ಎಂದರೆ ಏಳೂವರೆ ಹರ್ಟ್ಸ್ ಅಗಲ; ಅಷ್ಟು ಕಿರಿದಾದ ಗಡಿಗೆ ಎಚ್ಚೆತ್ತುಕೊಳ್ಳಲು ಸೆಕೆಂಡಿನ ಏಳನೇ ಒಂದು ಪಾಲು ಬೇಕು. ಕೊಡಲಿಯ ಪೆಟ್ಟು ಅಷ್ಟರಲ್ಲಿ ಮುಗಿದಿರುತ್ತದೆ. ಎರಡು ಸಾವಿರದ ಮಣಿಗೆ ಸೆಕೆಂಡಿನ ನೂರನೇ ಒಂದು ಪಾಲೂ ಬೇಡ. ಮಂದ್ರದ ಹರವಿ ಸೋಮಾರಿ, ತಾರದ ಮಣಿ ಚುರುಕು. ಗುಂಯ್‌ಗುಡುವ ಗಂಟೆ, ತಂಬೂರಿ, ಗೊರಕೆ, ಇಂಥ ಎಳೆದೆಳೆದು ಬರುವ ಸದ್ದೇ ಹರವಿಗೆ ಹೇಳಿಮಾಡಿಸಿದ ಮೇವು.

ಒಂಟಿ ಗಡಿಗೆಯಿಂದ ಒಂದು ಗಂಟೆಯನ್ನು ನುಂಗಿಸುವ ಯೋಜನೆಯೂ ಇರಬಹುದು, ಕೋಟೆಯ ಎಚ್ಚರಿಕೆ ಗಂಟೆಯನ್ನೇ ಅನ್ನಿ. ಆಗ ಬಿಸಿಲು ಶತ್ರು. ಗಾಳಿ 10 ಡಿಗ್ರಿಯಿಂದ 35ಕ್ಕೆ ಕಾದರೆ ಸದ್ದಿನ ವೇಗ ಸುಮಾರು 337ರಿಂದ 352 ಮೀಟರಿಗೆ ಏರುತ್ತದೆ, ಗಡಿಗೆಯ ಶ್ರುತಿ ಮುಕ್ಕಾಲು ಸ್ವರಸ್ಥಾನ ಮೇಲಕ್ಕೆ ಹೋಗುತ್ತದೆ. ಗಂಟೆಯ ಲೋಹ ಅಷ್ಟು ಬದಲಾಗುವುದಿಲ್ಲ. ಬೆಳಗಿನ ಜಾವ ನುಂಗಿದ ಗಡಿಗೆ ಮಧ್ಯಾಹ್ನ ಬಾಯಿಬಿಟ್ಟುಕೊಂಡು ಸುಮ್ಮನೆ ಕೂತಿರುತ್ತದೆ. ಅದಕ್ಕೇ ಗಡಿಗೆ ಕಾಯುವವರ ಕೈಯಲ್ಲಿ ಸೌಟು: ಬೆಳಿಗ್ಗೆ ಒಂದು ಲೀಟರ್‌ನಷ್ಟು ನೀರು ಹಾಕಿಟ್ಟು, ಬಿಸಿಲೇರಿದಂತೆ ಸೌಟು ಸೌಟಾಗಿ ತೆಗೆಯುತ್ತ ಶ್ರುತಿ ಕಾಯುತ್ತಾರೆ. ಪೂರ್ತಿ ಸಾಲಿದ್ದರೆ ಈ ರಗಳೆಯಿಲ್ಲ. ಎಲ್ಲವೂ ಒಟ್ಟಿಗೆ ಸರಿಯುವುದರಿಂದ ಒಂದು ಬಿಟ್ಟ ಜಾಗವನ್ನು ಪಕ್ಕದ್ದು ತುಂಬುತ್ತದೆ. ಇನ್ನೊಂದು ಶತ್ರು ಕಡಜ. ಮಳೆಗಾಲ ಕಳೆಯುವಷ್ಟರಲ್ಲಿ ಕುಡಿಕೆಗಳ ಬಾಯಿಗೆ ಮಣ್ಣು ಮೆತ್ತಿ ಗೂಡು ಕಟ್ಟಿರುತ್ತದೆ. ಯಾವ ಮಂತ್ರಕ್ಕೂ ಬಗ್ಗದು, ತೆಳುಬಟ್ಟೆ ಕಟ್ಟುವುದೊಂದೇ ದಾರಿ.

ಮಾತನ್ನು ಅಡಗಿಸುವುದು ಇನ್ನೂ ಕಷ್ಟ. ಗಂಡಸಿನ ಕೊರಳ ಶ್ರುತಿ 125 ಎಂದು ತಾಯಿಗಡಿಗೆಯೊಂದನ್ನೇ ಎದುರಿಟ್ಟರೆ ಏನಾಗುತ್ತದೆ? ಏನೂ ಆಗುವುದಿಲ್ಲ. ಹಳೆಯ ಲ್ಯಾಂಡ್‌ಲೈನ್ ಫೋನು 300ರಿಂದ 3400 ಹರ್ಟ್ಸ್ ಮಾತ್ರ ಸಾಗಿಸುತ್ತಿತ್ತು, ಆದರೂ ಆಚೆ ಮಾತಾಡುತ್ತಿರುವುದು ಅಪ್ಪ ಎಂದು ಗೊತ್ತಾಗುತ್ತಿತ್ತು. ಮೇಲಿನ ಅಂಶಗಳನ್ನು ಕೇಳಿ ಕೆಳಗಿನ ಶ್ರುತಿಯನ್ನು ಮಿದುಳೇ ತುಂಬಿಕೊಳ್ಳುತ್ತದೆ. ಪೂರ್ತಿ ಸಾಲನ್ನೇ ಇಟ್ಟರೂ 4000ದ ಮೇಲೆ ಹಿಸ್ಸೆನ್ನುವ ಸ, ಶಗಳು ಉಳಿದುಬಿಡುತ್ತವೆ. ಸ್ವರಗಳೆಲ್ಲ ಗಡಿಗೆ ಪಾಲಾಗಿ ಊಷ್ಮಾಕ್ಷರಗಳ ಚೂರು ಮಾತ್ರ ಗಾಳಿಯಲ್ಲಿ. ‘ಸಾಸಿವೆ’ ಹೆಚ್ಚುಕಡಿಮೆ ಬದುಕುತ್ತದೆ, ‘ಮಾವು’ ಪೂರ್ತಿ ಹೋಗುತ್ತದೆ. ಅಂಥ ಲೋಕದ ಗೂಢಚಾರರು ಸಕಾರ ತುಂಬಿದ ಸಂಕೇತಭಾಷೆ ಕಟ್ಟಿಕೊಂಡಿರುತ್ತಾರೆ ಎಂದು ಬೇರೆ ಹೇಳಬೇಕೆ.

ಭರಣಿಯೊಳಗಿನ ಅಜ್ಜಿಯ ಮಾತಿಗೆ ಬರೋಣ, ಇಲ್ಲೇ ಹೆಚ್ಚಿನವರು ಮೋಸಹೋಗುವುದು. ಗಡಿಗೆ ತನ್ನ ಸ್ವರಸ್ಥಾನದಲ್ಲಿ ಎಷ್ಟು ಸದ್ದು ಬಂತು ಎಂಬುದನ್ನು ಕೂಡಿಡುತ್ತದೆಯೇ ಹೊರತು ಯಾವುದು ಮೊದಲು, ಯಾವುದು ಆಮೇಲೆ ಎಂಬುದನ್ನಲ್ಲ. ಅರವತ್ತೂ ತೊಟ್ಟು ಒಟ್ಟಿಗೆ ಬಿಚ್ಚಿದರೆ ಹೊರಬರುವುದು ಮಾತಲ್ಲ, ಅಜ್ಜಿಯ ಕೊರಳಿನ ಬಣ್ಣದ ಒಂದು ಉದ್ದನೆಯ ಗುಂಯ್‌ಕಾರ. ಮಾತು ಬೇಕಾದರೆ ಕಾಲವನ್ನು ಎಲ್ಲಾದರೂ ಗೀಚಿಡಬೇಕು. 1857ರಲ್ಲಿ ಫ್ರಾನ್ಸಿನ ಸ್ಕಾಟ್ ದ ಮಾರ್ಟಿನ್‌ವಿಲ್ ಸದ್ದನ್ನು ಮಸಿಹಿಡಿದ ಕಾಗದದ ಮೇಲೆ ಗೆರೆಯಾಗಿ ಎಳೆಸಿದ್ದು, 1877ರಲ್ಲಿ ಎಡಿಸನ್ ತಿರುಗುವ ಉರುಳೆಯ ಮೇಲೆ ಕೊರೆಸಿದ್ದು ಇದನ್ನೇ. ಗಡಿಗೆಯಲ್ಲೇ ಮಾಡಬೇಕೆಂದು ಹಟ ಹಿಡಿದರೆ ಸೆಕೆಂಡಿಗೆ ಇಪ್ಪತ್ತು ಸಲ ಹೊಸ ಸಾಲು ತೆರೆಯುವ ಚಕ್ರ ಬೇಕು: ಸೆಕೆಂಡಿಗೆ 1200 ಪಾತ್ರೆ, ಮೂರು ಸೆಕೆಂಡಿನ ವಾಕ್ಯಕ್ಕೆ 3600. ಅಷ್ಟಾದರೂ ಸೋಮಾರಿ ಹರವಿಗಳು ಆ ವೇಗಕ್ಕೆ ಏಗದೆ ಧ್ವನಿ ಪಿಸುಗುಟ್ಟಿದಂತೆ ತೆಳ್ಳಗೆ ಬರುತ್ತದೆ. ಒಬ್ಬ ರಾಜನ ಕೊನೆಯ ಒಂದು ವಾಕ್ಯ ಕಾಪಾಡಲು ಒಂದು ಊರಿನ ಆವಿಗೆಗಳೆಲ್ಲ ವರ್ಷಗಟ್ಟಲೆ ಉರಿಯಬೇಕು. ಭರಣಿಗಿಂತ ಇದೇ ಒಳ್ಳೆಯ ಕತೆ ಎಂದು ನಮ್ಮ ಮತ.

ಕೊನೆಗೆ ತೊಟ್ಟು ಬಿಚ್ಚುವ ವಿಧಾನ. ಸದ್ದಿನಲ್ಲಿ ಶಕ್ತಿ ಬಲು ಕಡಿಮೆ. ಸಾಧಾರಣ ಮಾತಿನದು ಸುಮಾರು 10 ಮೈಕ್ರೋವ್ಯಾಟ್. ಒಂದು ಗಂಟೆ ಎಡೆಬಿಡದೆ ಮಾತಾಡಿದ್ದನ್ನೆಲ್ಲ ಕೂಡಿಟ್ಟರೆ 0.036 ಜೂಲ್, ನೂರು ಗ್ರಾಂ ಕಲ್ಲನ್ನು ಸುಮಾರು 3.7 ಸೆಂ.ಮೀ. ಎತ್ತುವಷ್ಟು. ಪಿಸುಮಾತು ಕೂಡಿಟ್ಟು ಕೋಟೆ ಉರುಳಿಸುವ ಕನಸು ಬಿಡಿ. ಆದರೆ ಅದೇ 0.036 ಜೂಲ್ ಸೆಕೆಂಡಿನ ನೂರನೇ ಒಂದು ಪಾಲಿನಲ್ಲಿ ಹೊರನುಗ್ಗಿದರೆ ಒಂದು ಮೀಟರ್ ದೂರದಲ್ಲಿ ಸುಮಾರು 115 ಡೆಸಿಬೆಲ್, ಕಿವಿ ಗುಂಯ್‌ಗುಡುವಷ್ಟು. ಒಂದು ಗಂಟೆ ಹಿಡಿದು ನಿಧಾನ ಸೋರಿಸಿದರೆ 59 ಡೆಸಿಬೆಲ್, ಎದುರು ಕೂತು ಮಾತಾಡಿದಷ್ಟೇ. ಅಪಾಯ ಇರುವುದು ಬಿಚ್ಚುವ ಆತುರದಲ್ಲಿ. ಮೇಣವನ್ನು ಎಂದೂ ಪೂರ್ತಿ ಕೀಳಬಾರದು; ಕಾದ ಸೂಜಿಯಿಂದ ಚುಚ್ಚಿ, ತೊಟ್ಟನ್ನು ಜನರಿಲ್ಲದ ಕಡೆ ತಿರುಗಿಸಿ, ಕಿವಿಗೆ ಹತ್ತಿ ಇಟ್ಟುಕೊಂಡು ಬಿಡಬೇಕು. ಹೆಚ್ಚು ದಿನ ತುಂಬಿದ್ದರೆ ತೊಟ್ಟಿನ ಸುತ್ತ ಒದ್ದೆ ಬಟ್ಟೆ ಸುತ್ತಿ. ಗಡಿಗೆ ಕೈಜಾರಿ ಒಡೆದರೆ ಇದ್ದದ್ದೆಲ್ಲ ಒಂದೇ ಸಲಕ್ಕೆ ಹೊರಗೆ. ಸಾಗಣೆಯಲ್ಲಿ ಹುಲ್ಲಿನ ಸಿಂಬಿಯಿಲ್ಲದೆ ಗಾಡಿಗೆ ಏರಿಸುವವರು ಕಿವುಡರಾಗಿಯೇ ಊರು ಸೇರುತ್ತಾರೆ.

ಬರೆಯುವ ಮುಂಚೆ ಸುಳ್ಳಿಲ್ಲದ ಭಾಗವನ್ನು ಮನೆಯಲ್ಲೇ ಪರೀಕ್ಷಿಸಬಹುದು. ಕಂಠ ಕಿರಿದಾದ ಮಣ್ಣಿನ ಗಡಿಗೆಯನ್ನು ನೆಲದ ಮೇಲಿಟ್ಟು, ಬಾಯಿಗೆ ಒಂದು ಗೇಣು ದೂರದಲ್ಲಿ ತುಟಿ ಮುಚ್ಚಿ ‘ಮ್’ ಎಂದು ತಗ್ಗಿನಿಂದ ಶುರುಮಾಡಿ ಮೆಲ್ಲಗೆ ಏರಿಸುತ್ತ ಹೋಗಿ. ಒಂದೇ ಒಂದು ಜಾಗದಲ್ಲಿ ಗಡಿಗೆ ತಿರುಗಿ ಗುನುಗುತ್ತದೆ, ಅದರ ಮೈ ಮೇಲಿಟ್ಟ ಬೆರಳಿಗೂ ಗೊತ್ತಾಗುತ್ತದೆ. ಫೋನಿನ ಶ್ರುತಿಪೆಟ್ಟಿಗೆ ಆ್ಯಪ್‌ನಲ್ಲಿ ಆ ಸ್ವರ ಗುರುತಿಸಿಕೊಳ್ಳಿ. ಲೀಟರ್ ಅಳತೆಯಲ್ಲಿ ಕಂಠದ ಬುಡದವರೆಗೆ ಎಷ್ಟು ನೀರು ಹಿಡಿಯುತ್ತದೆ ನೋಡಿ, ಅದರ ಮುಕ್ಕಾಲು ಪಾಲು ಉಳಿಸಿ ಮಿಕ್ಕದ್ದು ಚೆಲ್ಲಿ ಮತ್ತೆ ಗುನುಗಿ. ಸರಿಯಾಗಿ ಮೇಲಿನ ಸ್ಥಾಯಿಯಲ್ಲಿ ಉತ್ತರ ಬರಬೇಕು. ಬಾರದಿದ್ದರೆ ಬಾಯಿ ತೀರ ಅಗಲವಾಯಿತು ಎಂದು ತಿಳಿಯಿರಿ, ಇನ್ನೂ ಸಣ್ಣ ಕಂಠದ್ದನ್ನು ಹುಡುಕಿ.